ಮಗ ಸ್ಟಾಪರ್, ಒಂದು ವರ್ಷದ ಕಾಂಟ್ರ್ಯಾಕ್ಟ್ ಬಂದಿದೆ. ಜಾನ್ ಜಾನ್ಸನ್ ತರಹದ ಬದುಕು ಹೇಗಿರುತ್ತದೆ?

ವೆಸ್ಟ್‌ಬ್ಲಾಕ್_ಅಪ್ಪ ಕೇಳಿದ್ದು:

ಸ್ವಲ್ಪ ಉದ್ದ ಆಗುತ್ತದೆ, ತಾಳ್ಮೆ ಇರಲಿ.

ಮಗನಿಗೆ 17. ಆರಡಿಗೆ ಒಂದಿಂಚು ಕಮ್ಮಿ. ಫುಟ್‌ಬಾಲ್‌ನಲ್ಲಿ ಆಡುವುದು ಸೆಂಟರ್ ಬ್ಯಾಕ್, ಅಂದರೆ ಗೋಲಿನ ಮುಂದೆ ನಡುವೆ ನಿಲ್ಲುವ ಡಿಫೆಂಡರ್, ನಮ್ಮ ಹಳಬರ ಮಾತಿನಲ್ಲಿ ಸ್ಟಾಪರ್. ಹೊರರಾಜ್ಯದ ಒಂದು ಕ್ಲಬ್ ಒಂದು ವರ್ಷದ ಕಾಂಟ್ರ್ಯಾಕ್ಟ್ ಕಳಿಸಿದೆ. ಎರಡನೇ ಪಿಯುಸಿ ನಡೆಯುತ್ತಿದೆ. ಅವನಮ್ಮ ಮೂರು ದಿನದಿಂದ ಆ ಕಾಗದದ ಮೇಲೆ ಬೇಳೆ ಡಬ್ಬಿ ಇಟ್ಟಿದ್ದಾಳೆ. ಹಾರಿ ಹೋಗದಿರಲಿ ಅಂತಲೋ, ಯಾರ ಕಣ್ಣಿಗೂ ಬೀಳದಿರಲಿ ಅಂತಲೋ, ಕೇಳುವ ಧೈರ್ಯ ನನಗಿಲ್ಲ.

ನಾನು ಆಟ ಆಡಿದವನಲ್ಲ, ನೋಡಿದವನು. ಡಿಫೆಂಡರ್ ಅಂದರೆ ನನ್ನ ತಲೆಗೆ ಬರುವುದು ಒಬ್ಬನೇ, ಜಾನ್ ಜಾನ್ಸನ್. 2013ರಲ್ಲಿ ಬಿಎಫ್‌ಸಿ (ಬೆಂಗಳೂರು ಎಫ್‌ಸಿ) ಶುರುವಾದಾಗ ಇಂಗ್ಲೆಂಡ್‌ನಿಂದ ಬಂದವನು. ಆಗ ಅವನಿಗೆ 25 ತುಂಬುತ್ತಿತ್ತು. ಆ ಹೆಸರು ನಮ್ಮಲ್ಲಿ ಯಾರೂ ಕೇಳಿರಲಿಲ್ಲ. ‘ರಾಮ್ ರಾಮಯ್ಯ’ ಅಂದಹಾಗಿದೆ ಅಂತ ಪಕ್ಕದ ಸೀಟಿನವರು ನಕ್ಕಿದ್ದರು. ಐದು ಸೀಸನ್ ಇದ್ದ. ಅಷ್ಟರಲ್ಲಿ ಎರಡು ಐ-ಲೀಗ್ (ಆಗಿನ ರಾಷ್ಟ್ರೀಯ ಲೀಗ್), ಎರಡು ಫೆಡರೇಷನ್ ಕಪ್, ಒಂದು ಸೂಪರ್ ಕಪ್ ಬಂತು. 2016ರ ನವೆಂಬರ್‌ನಲ್ಲಿ ದೋಹಾದಲ್ಲಿ ಏಷ್ಯಾದ ಕ್ಲಬ್ಬುಗಳ ಎಎಫ್‌ಸಿ ಕಪ್ ಫೈನಲ್ ಕೂಡ. ಇರಾಕಿನ ಏರ್‌ಫೋರ್ಸ್ ಕ್ಲಬ್ ಎದುರು 0-1, ಅದನ್ನು ನೆನೆಸುವುದು ಬೇಡ. 2018ರ ಬೇಸಿಗೆಯಲ್ಲಿ ಕೋಲ್ಕತಾದ ಎಟಿಕೆ ಕ್ಲಬ್ಬಿಗೆ ಹೋದ. ಐದು ವರ್ಷ ಆಡಿದವನ ಬಗ್ಗೆ ಪೇಪರಿನಲ್ಲಿ ಬಂದಿದ್ದು ಬೆರಳುದ್ದದ ಸುದ್ದಿ.

ಬಿಎಫ್‌ಸಿಯ ಸ್ಟಾರ್ ಸುನಿಲ್ ಛೆಟ್ರಿ ಬದುಕು ನನಗೆ ಉದಾಹರಣೆ ಆಗುವುದಿಲ್ಲ. ಛೆಟ್ರಿ ಒಬ್ಬನೇ. ನನಗೆ ಬೇಕಿರುವುದು ಜಾನ್ಸನ್ ತರಹದವರ ಲೆಕ್ಕ. ಸ್ಟಾರ್ ಅಲ್ಲ, ಆದರೆ ಪ್ರತಿ ವಾರ ಆಡುತ್ತಾರೆ. ಎರಡು ವರ್ಷ ಇಲ್ಲಿ, ಒಂದು ವರ್ಷ ಅಲ್ಲಿ. ಮಂಡಿ ಒಂದು ಸಲ ಕೈಕೊಟ್ಟರೆ ಮುಗಿಯಿತು. ಇದು ಬದುಕೋ, ಅಲೆದಾಟವೋ? ಅದರಲ್ಲೂ 2025ರ ಜುಲೈನಲ್ಲಿ ಐಎಸ್‌ಎಲ್ (ಇಂಡಿಯನ್ ಸೂಪರ್ ಲೀಗ್) ಸೀಸನ್ನೇ ತಡೆಹಿಡಿದಿದ್ದರು. ದೊಡ್ಡ ಕ್ಲಬ್ಬುಗಳಿಗೇ ದಿಕ್ಕು ತೋಚದಾಗ ಸಣ್ಣ ಕ್ಲಬ್ಬಿನ ಕಾಗದವನ್ನು ಎಷ್ಟು ನಂಬುವುದು?

ಆಡಿದವರು ಯಾರಾದರೂ ಇದ್ದರೆ ಹೇಳಿ. ಸುಮ್ನೆ ‘ಕನಸನ್ನು ಬೆನ್ನಟ್ಟಲಿ’ ಅನ್ನುವ ಉತ್ತರ ಬೇಡ. ಅದನ್ನು ನನ್ನ ಭಾವಮೈದ ಆಗಲೇ ಕೊಟ್ಟಿದ್ದಾನೆ.

ಕಡ್ಲೆಕಾಯಿ_ಕಂಠೀರವ:

ಮೊದಲು ಪಿಯುಸಿ ಮುಗಿಸಲಿ ಸಾರ್. ಭಾವಮೈದನಿಗೂ ಅದನ್ನೇ ಹೇಳಿ.

ನನ್ನ ಅನುಭವ ಗ್ಯಾಲರಿಯದ್ದು ಮಾತ್ರ. ಡಿಫೆಂಡರ್ ಹೆಸರು ಜನರ ಬಾಯಿಗೆ ಬರುವುದು ಎರಡೇ ಸಲ. ತಪ್ಪು ಮಾಡಿದಾಗ, ಇಲ್ಲ ಕಾರ್ನರ್‌ಗೆ ತಲೆ ಕೊಟ್ಟು ಗೋಲ್ ಹೊಡೆದಾಗ. 2018 ಮಾರ್ಚ್ 17, ಕಂಠೀರವದಲ್ಲೇ ಐಎಸ್‌ಎಲ್ ಫೈನಲ್. ಛೆಟ್ರಿ ಒಂಬತ್ತನೇ ನಿಮಿಷಕ್ಕೆ ಗೋಲ್ ಹೊಡೆದಾಗ ನಾನು ಪಕ್ಕದವನ ಹೆಗಲೇರಿದ್ದೆ. ಆಮೇಲೆ ಚೆನ್ನೈಯಿನ್‌ನ ಮೈಲ್ಸನ್ ಆಲ್ವೆಸ್ ಅನ್ನುವ ಬ್ರೆಜಿಲ್ ಸ್ಟಾಪರ್ ಎರಡು ಕಾರ್ನರ್‌ಗೆ ಎರಡು ಹೆಡರ್ ಹೊಡೆದ. 3-2, ಕಪ್ ಅವರಿಗೆ. ಇವತ್ತಿಗೂ ಯಾರಾದರೂ ಕಾರ್ನರ್ ಫ್ಲ್ಯಾಗ್ ಹತ್ತಿರ ಚೆಂಡು ಇಟ್ಟರೆ ನನ್ನ ಹೊಟ್ಟೆ ತೊಳಸುತ್ತದೆ. ಆ ಮನುಷ್ಯ ಮಿಕ್ಕ ಸೀಸನ್ ಪೂರ್ತಿ ಏನು ಮಾಡಿದ ಅಂತ ಕೇಳಿದರೆ, ದೇವರಾಣೆ ನನಗೆ ಒಂದೂ ನೆನಪಿಲ್ಲ.

ಹಳೇ_ಸ್ಟಾಪರ್:

ವೆಸ್ಟ್‌ಬ್ಲಾಕ್ ಅಪ್ಪನವರೇ, ನಿಮ್ಮ ಮಗನಿಗೆ ಬಂದಿರುವಂಥ ಕಾಗದಕ್ಕೆ ನಾನು ಸಹಿ ಹಾಕಿದ್ದೆ. 1989. ನನಗೆ 24 ವರ್ಷ.

ನಾನು ಗೌತಮಪುರದವನು. ಈಗ ಪೆಲೆ ಪ್ರತಿಮೆ ಇದೆಯಲ್ಲ, ಅದೇ. ನಮ್ಮ ಬೀದಿಯಲ್ಲಿ ಎಲ್ಲರೂ ಫಾರ್ವರ್ಡೇ. ನನಗೆ ಡ್ರಿಬ್ಲಿಂಗ್ ಬರುತ್ತಿರಲಿಲ್ಲ, ಉದ್ದ ಇದ್ದೆ, ಹಿಂದೆ ನಿಲ್ಲಿಸಿದರು. ಸ್ಟಾಪರ್‌ಗಳಲ್ಲಿ ಅರ್ಧ ಜನ ಹೀಗೇ ಹುಟ್ಟುತ್ತಾರೆ.

ಹೊರ ಊರಿನ ಕ್ಲಬ್ ಕರೆಯಿತು, ಹೋದೆ. ಹೆಸರು ಹೇಳಿ ಈಗೇನು ಪ್ರಯೋಜನ. ಮೊದಲ ಎರಡು ತಿಂಗಳು ಸಂಬಳ ಕಂದು ಬಣ್ಣದ ಕವರಿನಲ್ಲಿ ಬಂತು. ಮೂರನೇ ತಿಂಗಳೂ ಕವರ್ ಬಂತು, ಒಳಗೆ ಅರ್ಧ ಇತ್ತು. ನಾಲ್ಕನೇ ತಿಂಗಳು ಕವರೂ ಇಲ್ಲ. ಐದನೇ ತಿಂಗಳು ಪ್ರ್ಯಾಕ್ಟೀಸ್‌ನಲ್ಲಿ ಪಾದದ ಗಂಟು ತಿರುಗಿತು. ರೂಮಿಗೆ ಬಂದ ಮ್ಯಾನೇಜರ್ ಕಾಲು ನೋಡಲಿಲ್ಲ, ಕ್ಯಾಲೆಂಡರ್ ನೋಡಿದ. ಇನ್ನೆಷ್ಟು ವಾರ ಅಂತ ಕೇಳಿದ. ಎಂಟು ಅಂದೆ. ಆ ಶುಕ್ರವಾರ ನಾನು ಐಲ್ಯಾಂಡ್ ಎಕ್ಸ್‌ಪ್ರೆಸ್‌ನಲ್ಲಿ ಬೆಂಗಳೂರಿಗೆ ವಾಪಸ್. ಬ್ಯಾಂಡೇಜ್ ಕಟ್ಟಿದ ಕಾಲನ್ನು ಎದುರು ಸೀಟಿನ ಮೇಲೆ ಇಟ್ಟಿದ್ದೆ. ಅಲ್ಲಿ ಕೂತಿದ್ದ ಅಜ್ಜಿ ತನ್ನ ಬುಟ್ಟಿ ಸರಿಸಿ ಜಾಗ ಕೊಟ್ಟು, ಬಸ್ಸಿನಿಂದ ಬಿದ್ದೆಯಾ ಅಂತ ಕೇಳಿದರು. ಹೌದು ಅಂದೆ. ಫುಟ್‌ಬಾಲ್ ಅಂದರೆ ಇನ್ನೂ ಉದ್ದ ಕತೆ ಹೇಳಬೇಕಿತ್ತು.

ಆಮೇಲೆ ಒಂದು ಕಾರ್ಖಾನೆ ತಂಡ ಸೇರಿದೆ. ಬೆಳಗ್ಗೆ ಆಟ, ಮಧ್ಯಾಹ್ನ ಸ್ಟೋರ್ಸ್ ಸೆಕ್ಷನ್. ಹನ್ನೊಂದು ವರ್ಷ ಆಡಿದೆ, ಪಿಎಫ್ ಸಮೇತ ರಿಟೈರ್ ಆದೆ. ಫುಟ್‌ಬಾಲ್ ನನಗೆ ಕೊಟ್ಟಿದ್ದು ಒಂದು ಅಟೆಂಡೆನ್ಸ್ ಕಾರ್ಡ್. ಬೇಜಾರಿನಿಂದ ಹೇಳುತ್ತಿಲ್ಲ. ನಮ್ಮ ಕಾಲದಲ್ಲಿ ಬಿದ್ದರೆ ಹಿಡಿಯುವುದಕ್ಕೆ ಆ ಕಾರ್ಖಾನೆಗಳಿದ್ದವು. ನಿಮ್ಮ ಮಗನಿಗೆ ಅಂಥದ್ದು ಕಮ್ಮಿ. ಲೆಕ್ಕ ಹಾಕುವಾಗ ಇದನ್ನು ಮರೆಯಬೇಡಿ.

ಈಗ ಜಾನ್ಸನ್ ವಿಷಯ. 2013 ಸೆಪ್ಟೆಂಬರ್ 22, ಅಶೋಕನಗರದ ಫುಟ್‌ಬಾಲ್ ಸ್ಟೇಡಿಯಂ. ಬಿಎಫ್‌ಸಿಯ ಮೊಟ್ಟಮೊದಲ ಪಂದ್ಯ, ಮೋಹನ್ ಬಗಾನ್ ಜೊತೆ. 1-1 ಆಯಿತು, ಎಲ್ಲರಿಗೂ ಶಾನ್ ರೂನಿ ಹೊಡೆದ ಗೋಲ್ ನೆನಪು. ಆ ಸೀಸನ್ ನಾನು ಅಲ್ಲಿಗೆ ಹೋದಾಗಲೆಲ್ಲ ಚೆಂಡು ನೋಡುವುದು ಬಿಟ್ಟು ಹತ್ತು ನಿಮಿಷ ಸ್ಟಾಪರ್‌ಗಳನ್ನೇ ನೋಡುತ್ತಿದ್ದೆ. ಹಳೇ ಚಟ. ಅದು ಸಣ್ಣ ಸ್ಟೇಡಿಯಂ. ಕಂಠೀರವದ ಹಾಗೆ ಮಧ್ಯೆ ಓಟದ ಟ್ರ್ಯಾಕ್ ಇಲ್ಲ, ಆಟಗಾರರ ಕೂಗು ಮೆಟ್ಟಿಲ ತನಕ ಕೇಳಿಸುತ್ತದೆ. ಜಾನ್ಸನ್ ಬಾಯಿ ಒಂದು ಕ್ಷಣ ಸುಮ್ಮನಿರುತ್ತಿರಲಿಲ್ಲ. ‘ಔಟ್, ಔಟ್’ ಅಂತ ಕೂಗಿ ಇಡೀ ಲೈನನ್ನು ನಾಲ್ಕು ಹೆಜ್ಜೆ ಮುಂದೆ ತಳ್ಳುವುದು. ಎಡಗೈ ನೀಟಾಗಿ ಚಾಚಿ ಪಕ್ಕದವನಿಗೆ ಎಲ್ಲಿ ನಿಲ್ಲಬೇಕು ಅಂತ ತೋರಿಸುವುದು. ಚೆಂಡು ಇನ್ನೂ ಆಚೆ ವಿಂಗ್‌ನಲ್ಲಿ ಇರುವಾಗಲೇ ಭುಜದ ಮೇಲಿಂದ ಹಿಂದೆ ಎರಡು ಸಲ ನೋಡುವುದು. ಒಂದು ಸಲ ನೋಡುವ ಸ್ಟಾಪರ್‌ಗಳು ಬೇಕಾದಷ್ಟು ಜನ ಸಿಗುತ್ತಾರೆ. ಮೊದಲ ಸಲ ನೋಡಿದಾಗ ಫಾರ್ವರ್ಡ್ ಎಲ್ಲಿದ್ದಾನೆ ಅಂತ ಗೊತ್ತಾಗುತ್ತದೆ. ಎರಡನೇ ಸಲ ನೋಡಿದಾಗ ಅವನು ಯಾವ ಕಡೆ ಓಡಲು ಹೊರಟಿದ್ದಾನೆ ಅಂತ ಗೊತ್ತಾಗುತ್ತದೆ. ನನಗೆ ಈ ಎರಡನೆಯದು ಕಲಿಯಲು ಮೂವತ್ತು ವರ್ಷ ತುಂಬಬೇಕಾಯಿತು.

ಅವನು ಇಷ್ಟು ಚೆನ್ನಾಗಿ ಆಡಿದ್ದಕ್ಕೆ ಇನ್ನೊಂದು ಕಾರಣ, ಕೋಚ್ ಆಶ್ಲಿ ವೆಸ್ಟ್‌ವುಡ್ ಕೂಡ ಸ್ಟಾಪರ್. ಅದೂ ಎಂಥ ಅಲೆಮಾರಿ! ಮ್ಯಾಂಚೆಸ್ಟರ್ ಯುನೈಟೆಡ್‌ನ ಹುಡುಗರ ತಂಡದಲ್ಲಿ ಕಲಿತ, ದೊಡ್ಡ ತಂಡಕ್ಕೆ ಏರಲಿಲ್ಲ. ಆಮೇಲೆ ಕ್ರೂ, ಬ್ರಾಡ್‌ಫರ್ಡ್, ಶೆಫೀಲ್ಡ್ ವೆನ್ಸ್‌ಡೇ, ನಾರ್ಥಾಂಪ್ಟನ್, ಚೆಸ್ಟರ್, ಸ್ಟೀವನೇಜ್, ರೆಕ್ಸಂ. ಓದುತ್ತಾ ಹೋದರೆ ಮೆಜೆಸ್ಟಿಕ್‌ನಲ್ಲಿ ಬಸ್ ಕೂಗಿದ ಹಾಗಿದೆ. ಕೋಚ್ ಆದ ಮೇಲೂ ಕಾಲು ನಿಲ್ಲಲಿಲ್ಲ. ಬೆಂಗಳೂರು, ಪೆನಾಂಗ್, ಪಂಜಾಬ್, ಅಫ್ಘಾನಿಸ್ತಾನದ ರಾಷ್ಟ್ರೀಯ ತಂಡ, 2024ರಲ್ಲಿ ಹಾಂಗ್‌ಕಾಂಗ್. ಇಲ್ಲಿ ಮಾತ್ರ ಮೂರು ಸೀಸನ್‌ಗೆ ಎರಡು ಲೀಗ್, ಒಂದು ಫೆಡರೇಷನ್ ಕಪ್ ಕೊಟ್ಟು ಹೋದ.

ನಿಮ್ಮ ಪ್ರಶ್ನೆಗೆ ನಿಜವಾದ ಉತ್ತರ ಬೇಕಿದ್ದರೆ 2015 ಮೇ 31 ನೆನಪಿಸಿಕೊಳ್ಳಿ. ಲೀಗಿನ ಕೊನೆಯ ದಿನ, ಕಂಠೀರವ, ಮಳೆ. ನಾವು ಗೆದ್ದರೆ ನಾವು ಚಾಂಪಿಯನ್, ಡ್ರಾ ಆದರೆ ಬಗಾನ್. 41ನೇ ನಿಮಿಷಕ್ಕೆ ಜಾನ್ಸನ್ ಗೋಲ್. 87ನೇ ನಿಮಿಷಕ್ಕೆ ಕಾರ್ನರ್, ಬಗಾನ್‌ನ ಬೆಲ್ಲೊ ರಜಾಕ್ ಹೆಡರ್, 1-1. ಇಬ್ಬರೂ ಸ್ಟಾಪರ್‌ಗಳು. ಒಬ್ಬ ಮಿಡಲ್ಸ್‌ಬ್ರೊದವನು, ಒಬ್ಬ ನೈಜೀರಿಯಾದವನು. ಇಬ್ಬರೂ ಹೊಟ್ಟೆಪಾಡಿಗೆ ಬಂದವರು. ಬೆಲ್ಲೊ ಆ ಒಂದು ತಲೆಯಿಂದ ಬಗಾನ್‌ನ 13 ವರ್ಷದ ಬರ ನೀಗಿಸಿದ. ಮುಂದಿನ ಸೀಸನ್ ಅವನು ಎಲ್ಲಿದ್ದ ಗೊತ್ತಾ? ಅದೇ ಊರಿನ ಬದ್ಧ ವೈರಿ ಈಸ್ಟ್ ಬೆಂಗಾಲ್‌ನಲ್ಲಿ. ಕೋಲ್ಕತಾ ಗೊತ್ತಿರುವವರಿಗೆ ಇದರ ಅರ್ಥ ಬಿಡಿಸಿ ಹೇಳಬೇಕಿಲ್ಲ. ನೀವು ಕೇಳಿದ ಬದುಕು ಇದೇ. ಮೇನಲ್ಲಿ ಹೆಗಲ ಮೇಲೆ ಹೊತ್ತು ಕುಣಿಯುತ್ತಾರೆ, ಆಗಸ್ಟ್‌ನಲ್ಲಿ ಬೇರೆ ಜೆರ್ಸಿ.

ನಮ್ಮ ಹುಡುಗರದ್ದು ಇನ್ನೊಂದು ಕಷ್ಟ. ನಮ್ಮ ಕ್ಲಬ್ಬುಗಳು ವಿದೇಶಿ ಕೋಟಾ ಖರ್ಚು ಮಾಡುವುದು ಮೊದಲು ಸ್ಟ್ರೈಕರ್‌ಗೆ, ಆಮೇಲೆ ಸ್ಟಾಪರ್‌ಗೆ. ಐಎಸ್‌ಎಲ್‌ನಲ್ಲಿ ಮೊದಲೆಲ್ಲ ಐದಾರು ವಿದೇಶಿಯರು ಒಟ್ಟಿಗೆ ಆಡುತ್ತಿದ್ದರು. 2021ರಿಂದ ಮೈದಾನದಲ್ಲಿ ನಾಲ್ಕೇ. ಅಷ್ಟರಮಟ್ಟಿಗೆ ನಿಮ್ಮ ಮಗನಿಗೆ ಜಾಗ ಆಗಿದೆ. ಮಲಪ್ಪುರಂ ಕಡೆಯ ಅನಸ್ ಎಡತ್ತೊಡಿಕ ಹೆಸರು ಕೇಳಿದ್ದೀರಾ? ಹುಡುಗನಾಗಿದ್ದಾಗ ಆಟೊ ಓಡಿಸಿದವನು. ಮುಂಬೈ ಎಫ್‌ಸಿ, ಪುಣೆ, ದಿಲ್ಲಿ, ಬಗಾನ್ ಅಂತ ಸುತ್ತಿ ಸುತ್ತಿ ಕೊನೆಗೆ 2017ರಲ್ಲಿ ಕ್ಲಬ್ಬುಗಳು ಸರದಿಯಂತೆ ಆಟಗಾರರನ್ನು ಆರಿಸುವ ಐಎಸ್‌ಎಲ್ ಡ್ರಾಫ್ಟ್‌ನಲ್ಲಿ ಜಮ್ಶೆಡ್‌ಪುರ 1.10 ಕೋಟಿ ಕೊಟ್ಟು ಮೊದಲು ಆರಿಸಿದ್ದು ಅವನನ್ನೇ. ದೇಶಕ್ಕೆ ಮೊದಲ ಪಂದ್ಯ ಆಡಿದ್ದು ಅದೇ ವರ್ಷ, 30 ತುಂಬಿದ ಮೇಲೆ. 2019ರ ಏಷ್ಯನ್ ಕಪ್‌ನಲ್ಲಿ ಬಹ್ರೇನ್ ಎದುರು ನಾಲ್ಕೇ ನಿಮಿಷಕ್ಕೆ ಗಾಯವಾಗಿ ಹೊರಬಂದ. ದೇಶದ ಜೆರ್ಸಿಗೆ ವಿದಾಯ ಹೇಳಿದ, ಅದೇ ವರ್ಷ ಕರೆದಾಗ ಮತ್ತೆ ತೊಟ್ಟ, ಆಮೇಲೆ ಮುಗಿಯಿತು. ಎರಡು ವರ್ಷದ ಹಣ್ಣಿಗೆ ಹತ್ತು ವರ್ಷದ ಅಲೆದಾಟ. ಲಾಭವೋ ನಷ್ಟವೋ ನೀವೇ ಹೇಳಿ. ನನ್ನನ್ನು ಕೇಳಿದರೆ ಲಾಭ. ಆದರೆ ನಾನು ಸ್ಟಾಪರ್, ನನ್ನ ಮಾತು ನಂಬಬೇಡಿ.

ಸಿಕ್ಸ್‌ಫೀಲ್ಡ್ಸ್_ಕನ್ನಡಿಗ:

ಹಳೇ ಸ್ಟಾಪರ್ ಸಾರ್, ಆ ಅಜ್ಜಿ ಕತೆ ಓದಿ ಟ್ರೈನಿನಲ್ಲಿ ಒಬ್ಬನೇ ನಕ್ಕೆ.

ನಾನಿರುವುದು ಮಿಲ್ಟನ್ ಕೀನ್ಸ್. ಪಕ್ಕದ ಊರು ನಾರ್ಥಾಂಪ್ಟನ್, ಜಾನ್ಸನ್ ನಿಮ್ಮೂರಿಗೆ ಬರುವ ಮೊದಲು ಆಡುತ್ತಿದ್ದ ಕ್ಲಬ್. ಅವನು ಹುಟ್ಟಿದ್ದು, ಆಟ ಕಲಿತದ್ದು ಮಿಡಲ್ಸ್‌ಬ್ರೊದಲ್ಲಿ. ಅಲ್ಲಿನ ದೊಡ್ಡ ತಂಡದಲ್ಲಿ ಕಾಲೂರಲು ಆಗಲಿಲ್ಲ, ನಾರ್ಥಾಂಪ್ಟನ್‌ಗೆ ಮೊದಲು ಎರವಲು ಆಟಗಾರನಾಗಿ ಬಂದ, 2010ರಲ್ಲಿ ಪೂರ್ತಿ ಬಂದ. ನಾರ್ಥಾಂಪ್ಟನ್ ಬೂಟು ಹೊಲಿಯುವ ಊರು. ತಂಡಕ್ಕೂ ‘ಕಾಬ್ಲರ್ಸ್’ ಅಂತಲೇ ಅಡ್ಡಹೆಸರು. ಅವರ ಸಿಕ್ಸ್‌ಫೀಲ್ಡ್ಸ್ ಸ್ಟೇಡಿಯಂನಲ್ಲಿ ಆಗ ಎಂಟು ಸಾವಿರ ಜನ ಹಿಡಿಸುತ್ತಿರಲಿಲ್ಲ. ನಾಲ್ಕನೇ ದರ್ಜೆ ಲೀಗ್ ಅಂದರೆ ಮಂಗಳವಾರ ರಾತ್ರಿ, ಚಳಿ, ಎದುರಾಳಿಯ ಮೊಣಕೈ. ಹೊಸ ಕ್ಲಬ್ಬಿಗೆ ಗಟ್ಟಿ ಡಿಫೆಂಡರ್ ಬೇಕೆಂದರೆ ವೆಸ್ಟ್‌ವುಡ್ ಇಂಥ ಕಡೆ ಹುಡುಕಿದ್ದು ಸರಿಯಾಗೇ ಇದೆ. ತಾನೂ ಇಲ್ಲೇ ಆಡಿದ್ದನಲ್ಲ.

ಜಾನ್ಸನ್ ಸೇರಿದ ವರ್ಷವೇ ನಾರ್ಥಾಂಪ್ಟನ್ ಲೀಗ್ ಕಪ್‌ನಲ್ಲಿ ಆನ್‌ಫೀಲ್ಡ್‌ಗೆ ಹೋಗಿ ಲಿವರ್‌ಪೂಲನ್ನು ಪೆನಾಲ್ಟಿಯಲ್ಲಿ ಸೋಲಿಸಿತು. 2010 ಸೆಪ್ಟೆಂಬರ್ 22. ನಿಮ್ಮ ಬಿಎಫ್‌ಸಿಯ ಮೊದಲ ಪಂದ್ಯ ಸರಿಯಾಗಿ ಮೂರು ವರ್ಷಕ್ಕೆ, ಅದೇ ತಾರೀಖು. ಇಲ್ಲಿಯ ಮುದುಕರು ಆ ರಾತ್ರಿಯ ವಿಷಯ ಈಗಲೂ ಪಬ್ಬಿನಲ್ಲಿ ನಿನ್ನೆ ನಡೆದಂತೆ ಹೇಳುತ್ತಾರೆ. 2013ರ ಮೇ ತಿಂಗಳಲ್ಲಿ ವೆಂಬ್ಲಿಯಲ್ಲಿ ಪ್ಲೇಆಫ್ ಫೈನಲ್, ಗೆದ್ದರೆ ಮೇಲಿನ ಲೀಗ್. ಬ್ರಾಡ್‌ಫರ್ಡ್ ಅರ್ಧ ಗಂಟೆ ಆಗುವುದರೊಳಗೆ ಮೂರು ಗೋಲ್ ಹೊಡೆದು ಮುಗಿಸಿತು. ಆ ದಿನ ನಾರ್ಥಾಂಪ್ಟನ್ ಗೆದ್ದಿದ್ದರೆ ನಿಮಗೆ ಜಾನ್ಸನ್ ಸಿಗುತ್ತಿದ್ದನೋ ಇಲ್ಲವೋ.

ಅವನ ಜೊತೆ ಬಂದ ಕರ್ಟಿಸ್ ಒಸಾನೊ ಇನ್ನೂ ವಿಚಿತ್ರ ಕೇಸು. ನೈರೋಬಿಯಲ್ಲಿ ಹುಟ್ಟಿ ಇಲ್ಲಿ ಬೆಳೆದ ಡಿಫೆಂಡರ್. ನಾರ್ಥಾಂಪ್ಟನ್ ಜಿಲ್ಲೆಯದೇ ಆದ ರಷ್ಡನ್ ಆ್ಯಂಡ್ ಡೈಮಂಡ್ಸ್‌ಗೆ ಆಡಿದ್ದ. ಆ ಕ್ಲಬ್ 2011ರಲ್ಲಿ ಮುಚ್ಚಿಹೋಯಿತು, ಸ್ಟೇಡಿಯಂ ಕೂಡ ಕೆಡವಿದರು. ಇಂಗ್ಲೆಂಡ್‌ನಲ್ಲೇ ಕ್ಲಬ್ಬುಗಳು ಹೀಗೆ ಮಾಯವಾಗುತ್ತವೆ ಸಾರ್, ನಮ್ಮ ಕಡೆ ಮಾತ್ರ ಅಂದುಕೊಳ್ಳಬೇಡಿ.

ನೋಟಿಸ್_ಪೀರಿಯಡ್:

ಕತೆ ಎಲ್ಲ ಚೆನ್ನಾಗಿದೆ, ಕಾಗದದ ವಿಷಯ ಯಾರೂ ಹೇಳಲಿಲ್ಲ. ಬೇಳೆ ಡಬ್ಬಿ ಎತ್ತಿ ಓದಿ.

ಫಿಫಾ ನಿಯಮದ ಪ್ರಕಾರ 18 ತುಂಬದವರ ಪ್ರೊಫೆಷನಲ್ ಕಾಂಟ್ರ್ಯಾಕ್ಟ್ ಮೂರು ವರ್ಷಕ್ಕಿಂತ ಜಾಸ್ತಿ ಇರುವ ಹಾಗಿಲ್ಲ. ನಿಮ್ಮದು ಒಂದೇ ವರ್ಷ, ಅದು ಸರಿ. ಆದರೆ ‘ಕ್ಲಬ್ ಇಷ್ಟಪಟ್ಟರೆ ಮುಂದುವರಿಸಬಹುದು’ ಅಂತ ಒಂದು ಸಾಲು ಎಲ್ಲೋ ಮೂಲೆಯಲ್ಲಿ ಇರುತ್ತದೆ, ಹುಡುಕಿ. ಕ್ಲಬ್ಬಿಗೆ ಮಾತ್ರ ಆ ಹಕ್ಕು ಇದ್ದರೆ ಒಪ್ಪಬೇಡಿ. ಎರಡು ತಿಂಗಳ ಸಂಬಳ ಬಾಕಿ ಬಿದ್ದರೆ ಬರಹದಲ್ಲಿ ನೋಟಿಸ್ ಕೊಟ್ಟು, 15 ದಿನದಲ್ಲಿ ಪೂರ್ತಿ ಕೊಡದಿದ್ದರೆ ಆಟಗಾರ ಕಾಂಟ್ರ್ಯಾಕ್ಟ್ ಮುರಿಯಬಹುದು ಅಂತಲೂ ಫಿಫಾ 2018ರಿಂದ ನಿಯಮ ಮಾಡಿದೆ. ಹಳೇ ಸ್ಟಾಪರ್ ಅವರ ಕಾಲದಲ್ಲಿ ಇದಿರಲಿಲ್ಲ. ನಿಯಮ ಇದೆ ಅಂದಮಾತ್ರಕ್ಕೆ ದುಡ್ಡು ನಾಳೆಯೇ ಬರುತ್ತದೆ ಅಂತಲ್ಲ. ದೂರು ಕೊಡಬೇಕು, ಕಾಯಬೇಕು. ಆಟಗಾರರ ಸಂಘ ಎಫ್‌ಪಿಎಐ ಇದೆ, ಸದಸ್ಯತ್ವ ಮಾಡಿಸಿ.

ಮುಖ್ಯವಾದದ್ದು ಗಾಯ. ಆಪರೇಷನ್ ಖರ್ಚು ಯಾರದ್ದು, ಆ ತಿಂಗಳುಗಳಲ್ಲಿ ಸಂಬಳ ಇದೆಯೋ ಇಲ್ಲವೋ, ಅಕ್ಷರದಲ್ಲಿ ಇರಬೇಕು. ‘ನಾವು ನೋಡಿಕೊಳ್ಳುತ್ತೇವೆ’ ಅಂತ ಫೋನಿನಲ್ಲಿ ಹೇಳಿದರೆ, ಅದನ್ನೇ ಇಮೇಲ್‌ನಲ್ಲಿ ಬರೆಯಿರಿ ಅನ್ನಿ. ಆಗ ಗೊತ್ತಾಗುತ್ತದೆ.

ವೆಸ್ಟ್‌ಬ್ಲಾಕ್_ಅಪ್ಪ:

ಎಲ್ಲರಿಗೂ ಕೈಮುಗಿದೆ. ಡಬ್ಬಿ ಎತ್ತಿ ಓದಿದೆ. ಆ ‘ಮುಂದುವರಿಸಬಹುದು’ ಸಾಲು ಇದೆ, ನಾಲ್ಕನೇ ಪುಟದಲ್ಲಿ, ಅದೂ ಕ್ಲಬ್ಬಿಗೆ ಮಾತ್ರ. ಗಾಯದ ಬಗ್ಗೆ ಒಂದಕ್ಷರ ಇಲ್ಲ. ಎರಡನ್ನೂ ಸರಿಮಾಡಿ ಕಳಿಸಿ ಅಂತ ಇಮೇಲ್ ಹಾಕಿದ್ದೇನೆ. ಪಿಯುಸಿ ಪರೀಕ್ಷೆ ಮುಗಿದ ಮೇಲೆ ಸೇರಬಹುದೇ ಅಂತಲೂ ಕೇಳಿದ್ದೇನೆ. ಅದು ಅವನಮ್ಮ ಸೇರಿಸಿದ ಸಾಲು.

ಮಗನಿಗೆ ಇಡೀ ಚರ್ಚೆ ಓದಿಸಿದೆ. ಸಂಬಳ, ಗಾಯ, ಐಲ್ಯಾಂಡ್ ಎಕ್ಸ್‌ಪ್ರೆಸ್ ಯಾವುದರ ಬಗ್ಗೆಯೂ ಮಾತಾಡಲಿಲ್ಲ. ಎರಡು ಸಲ ಹಿಂದೆ ನೋಡುವ ಭಾಗವನ್ನು ಮಾತ್ರ ಮತ್ತೆ ಓದಿದ. ಆಮೇಲೆ ಕೇಳಿದ, ‘2015ರ ಆ ಮ್ಯಾಚ್‌ಗೆ ನನ್ನನ್ನೂ ಕರೆದುಕೊಂಡು ಹೋಗಿದ್ದೆ ಅಂತೀಯಲ್ಲ, ಜಾನ್ಸನ್ ಗೋಲ್ ನನಗ್ಯಾಕೆ ನೆನಪಿಲ್ಲ?’

ಇಲ್ಲಿ ನಿಜ ಹೇಳಿಬಿಡುತ್ತೇನೆ. ಅವನಿಗಾಗ ಏಳು ವರ್ಷ. ಹಾಫ್‌ಟೈಮ್‌ಗೆ ಟಾಯ್ಲೆಟ್ ಮುಂದೆ ಕ್ಯೂ ಆಗುತ್ತದೆ ಅಂತ 40ನೇ ನಿಮಿಷಕ್ಕೇ ಕರೆದುಕೊಂಡು ಹೋದೆ. ಗೋಲ್ ಆದಾಗ ನಾವಿಬ್ಬರೂ ಗೋಡೆ ನೋಡುತ್ತಾ ನಿಂತಿದ್ದೆವು. ಹೊರಗೆ ಆ ಸದ್ದು ಕೇಳಿ ಅವನು ಹೆದರಿ ನನ್ನ ಪ್ಯಾಂಟ್ ಹಿಡಿದುಕೊಂಡ. ಹತ್ತು ವರ್ಷದಿಂದ ಆ ಗೋಲ್ ಕಣ್ಣಾರೆ ಕಂಡವನ ಹಾಗೆ ಎಲ್ಲರಿಗೂ ಹೇಳಿಕೊಂಡು ಬಂದಿದ್ದೇನೆ.

ಹಳೇ_ಸ್ಟಾಪರ್:

ಬೆಲ್ಲೊ ಗೋಲ್ ಆದರೂ ನೋಡಿದಿರಾ?

ವೆಸ್ಟ್‌ಬ್ಲಾಕ್_ಅಪ್ಪ:

ಅದನ್ನು ಪೂರ್ತಿ ನೋಡಿದೆವು ಸಾರ್. ಇಬ್ಬರೂ.

ಹಳೇ_ಸ್ಟಾಪರ್:

ಶನಿವಾರ ಬೆಳಗ್ಗೆ ಆರಕ್ಕೆ ಹುಡುಗನನ್ನು ಗೌತಮಪುರ ಗ್ರೌಂಡಿಗೆ ಕರೆದುಕೊಂಡು ಬನ್ನಿ. ಶಿನ್‌ಗಾರ್ಡ್ ಇರಲಿ. ಕಾರ್ನರ್‌ಗೆ ಎಲ್ಲಿ ನಿಲ್ಲುತ್ತಾನೆ ನೋಡೋಣ.